ವಿಲಿಯಂ ಹೆನ್ರಿ ಲೂಯಿಸ್ ಗೊತ್ತಾ? ಹಾರ್ವರ್ಡ್‌ನ ಸೆಂಟರ್, ಆಮೇಲೆ ವಕೀಲರು

ಹಳೇಸ್ಕೋರ್‌ಕಾರ್ಡ್:
ಎಲ್ಲರಿಗೂ ನಮಸ್ಕಾರ. ಹಿಂದೊಮ್ಮೆ ಅಮೆರಿಕನ್ ಫುಟ್‌ಬಾಲ್ (ನಮ್ಮ ಕಾಲ್ಚೆಂಡಾಟ ಅಲ್ಲ, ಚೆಂಡನ್ನು ಕೈಯಲ್ಲಿ ಹಿಡಿದು ನುಗ್ಗುವ ಆಟ) ಆಟಗಾರ ಜಿಮ್ ಥಾರ್ಪ್ ಬಗ್ಗೆ ಮಾತಾಡುವಾಗ, "ಅದಕ್ಕೂ ಹಿಂದಿನ ಕಾಲೇಜು ಫುಟ್‌ಬಾಲ್ ಆಟಗಾರರು ಯಾರಾದರೂ ಇದ್ದಾರಾ" ಅಂತ ಇಲ್ಲಿ ಯಾರೋ ಕೇಳಿದ್ದರು. ಕೆದಕುತ್ತಾ ಹೋದಾಗ ನನಗೆ ಸಿಕ್ಕಿದ್ದು ಈ ಹೆಸರು. ಎಲ್ಲಿ ನೋಡಿದರೂ ಇವರ ಬಗ್ಗೆ ಒಂದೇ ಸಾಲು: ಆಲ್-ಅಮೆರಿಕನ್ ಪಟ್ಟಿಗೆ ಸೇರಿದ ಮೊದಲ ಕಪ್ಪು ಆಟಗಾರ. ಅಷ್ಟು ಹೇಳಿ ಮುಂದೆ ಹೋಗಿಬಿಡುತ್ತಾರೆ. ನನಗೆ ಆ ಸಾಲು ಸಾಕಾಗಲಿಲ್ಲ.

ಲೂಯಿಸ್ ಹುಟ್ಟಿದ್ದು 1868ರ ನವೆಂಬರ್ 28ರಂದು, ವರ್ಜೀನಿಯಾದ ಬರ್ಕ್ಲಿ ಎಂಬಲ್ಲಿ. ಈಗ ಅದು ನಾರ್ಫೋಕ್ ನಗರದೊಳಗೆ ಸೇರಿಹೋಗಿದೆ. ಅಪ್ಪ ಅಮ್ಮ ಇಬ್ಬರೂ ಗುಲಾಮಗಿರಿಯಿಂದ ಬಿಡುಗಡೆ ಆದವರು. ಅಪ್ಪ ಆಮೇಲೆ ಬ್ಯಾಪ್ಟಿಸ್ಟ್ ಪಾದ್ರಿ ಆದರು. ಇಲ್ಲೊಂದು ತಮಾಷೆ ಇದೆ. ಮೊದಲ ಕಾಲೇಜು ಫುಟ್‌ಬಾಲ್ ಪಂದ್ಯ ಅಂತ ಲೆಕ್ಕಕ್ಕೆ ಹಿಡಿಯುವ ರಟ್ಗರ್ಸ್-ಪ್ರಿನ್ಸ್‌ಟನ್ ಆಟ ನಡೆದದ್ದು 1869ರ ನವೆಂಬರ್ 6ರಂದು. ಆಗ ಈ ಮಗುವಿಗೆ ಇನ್ನೂ ವರ್ಷ ತುಂಬಿರಲಿಲ್ಲ. ಆಟವೂ ಆಟಗಾರರೂ ಒಂದೇ ಓರಗೆಯವರು.

ಮೊದಲು ಓದಿದ್ದು ಪೀಟರ್ಸ್‌ಬರ್ಗ್‌ನಲ್ಲಿ, ಕಪ್ಪು ವಿದ್ಯಾರ್ಥಿಗಳಿಗಾಗಿಯೇ ಇದ್ದ ವರ್ಜೀನಿಯಾ ನಾರ್ಮಲ್ ಆ್ಯಂಡ್ ಕಾಲೇಜಿಯೇಟ್ ಇನ್‌ಸ್ಟಿಟ್ಯೂಟ್‌ನಲ್ಲಿ. ಅಲ್ಲಿಂದ ಸೀದಾ ಉತ್ತರಕ್ಕೆ, ಮ್ಯಾಸಚೂಸೆಟ್ಸ್‌ನ ಆಮ್‌ಹರ್ಸ್ಟ್ ಕಾಲೇಜಿಗೆ. ಜೊತೆಗೆ ಬಂದ ಗೆಳೆಯ ವಿಲಿಯಂ ಜಾಕ್ಸನ್. ಇಬ್ಬರೂ ಫುಟ್‌ಬಾಲ್ ಆಡಿದರು. 1891ರಲ್ಲಿ ಲೂಯಿಸ್ ತಂಡದ ನಾಯಕ. 1892ರಲ್ಲಿ ಪದವಿ ಮುಗಿಸಿದಾಗ ತರಗತಿಯ ಪರವಾಗಿ ಭಾಷಣ ಮಾಡಲು ಆರಿಸಿದ್ದೂ ಇವರನ್ನೇ. ಬಾಯಿಯೂ ಜೋರು, ಭುಜವೂ ಜೋರು ಅನ್ನಿ.

ಆಮೇಲೆ ಹಾರ್ವರ್ಡ್ ಲಾ ಸ್ಕೂಲ್. ಅಲ್ಲೂ ಎರಡು ಸೀಸನ್ ಆಡಿದರು. 1892 ಮತ್ತು 1893, ಎರಡೂ ವರ್ಷ ಆಲ್-ಅಮೆರಿಕನ್ ತಂಡದಲ್ಲಿ ಸೆಂಟರ್ ಸ್ಥಾನ. ಗೊತ್ತಿಲ್ಲದವರಿಗೆ ಹೇಳುತ್ತೇನೆ, ಅದು ಮೈದಾನಕ್ಕೆ ಇಳಿಯುವ ತಂಡ ಅಲ್ಲ. ದೇಶದ ಎಲ್ಲ ಕಾಲೇಜುಗಳಿಂದ ಅತ್ಯುತ್ತಮ 11 ಜನರನ್ನು ಆರಿಸಿ ಬರೆಯುವ ಪಟ್ಟಿ.

ನನ್ನ ತಲೆಯಲ್ಲಿ ಕೊರೆಯುತ್ತಿರುವುದು ಇದು. ಈ ಮನುಷ್ಯ ಆಟವನ್ನೂ ಕಾನೂನನ್ನೂ ಒಂದೇ ರೀತಿ ನೋಡಿದ ಹಾಗಿದೆ. ನಿಯಮ ಏನಿದೆ ಅಂತ ಪೂರ್ತಿ ಓದುವುದು, ಅದು ಸರಿಯಿಲ್ಲದಿದ್ದರೆ ತಿದ್ದಿಸಲು ಹೊರಡುವುದು. ಎರಡು ಮೂರು ಉದಾಹರಣೆ ನನ್ನ ಹತ್ತಿರ ಇವೆ. ಅದಕ್ಕೆ ಮುಂಚೆ ನಿಮ್ಮ ಮಾತು ಕೇಳೋಣ.

ರೈಡರ್_ನಂ7:
ಸರ್, ಒಂದು ಡೌಟು. ಮೂರು ವರ್ಷ ಆ ಕಾಲೇಜಿಗೆ ಆಡಿ, ಡಿಗ್ರಿ ತಗೊಂಡು, ಆಮೇಲೆ ಇನ್ನೊಂದು ಕಡೆ ಲಾ ಓದುತ್ತಾ ಮತ್ತೆ ಕಾಲೇಜು ಟೀಮಿಗೆ ಆಡಬಹುದಿತ್ತಾ? ನಮ್ಮ ಯೂನಿವರ್ಸಿಟಿ ಕಬಡ್ಡಿಯಲ್ಲಿ ಹೀಗೆ ಮಾಡಿದ್ರೆ ಎದುರು ಟೀಮಿನವರು ಅಲ್ಲೇ ಕಂಪ್ಲೇಂಟ್ ಕೊಡ್ತಾರೆ.

ಹಳೇಸ್ಕೋರ್‌ಕಾರ್ಡ್:
ಆಗ ಆಡಬಹುದಿತ್ತು. ಯಾರು ಎಷ್ಟು ವರ್ಷ ಆಡಬಹುದು ಅನ್ನುವುದಕ್ಕೆ ಇಡೀ ದೇಶಕ್ಕೆ ಒಂದೇ ನಿಯಮ ಇರಲಿಲ್ಲ. ಪದವಿ ಮುಗಿಸಿ ಲಾ, ಮೆಡಿಕಲ್ ಓದುವವರು ತಂಡದಲ್ಲಿ ಇರುವುದು ಮಾಮೂಲಿ. ಇದರ ಬಗ್ಗೆ ಎದುರಾಳಿಗಳ ಗೊಣಗಾಟವೂ ಮಾಮೂಲಿ.

ಸುಮ್ನೆ_ಓದುಗ:
ಸೆಂಟರ್ ಅಂದ್ರೆ ಏನು ಅಂತ ಯಾರಾದ್ರೂ ಹೇಳಿ, ಪುಣ್ಯ ಬರುತ್ತೆ.

ಚಾರ್ಲ್ಸ್_ದಂಡೆ:
ನಾನು ಹೇಳ್ತೀನಿ. ಬಾಸ್ಟನ್ ಪಕ್ಕದಲ್ಲೇ ಮನೆ. ಮಗನ ದೆಸೆಯಿಂದ ಹತ್ತು ವರ್ಷದಲ್ಲಿ ಈ ಆಟ ತಲೆಗೆ ಹತ್ತಿದೆ.

ಎರಡು ತಂಡದವರೂ ಎದುರುಬದುರು ಸಾಲಾಗಿ ಬಗ್ಗಿ ನಿಲ್ಲುತ್ತಾರೆ. ಚೆಂಡು ನೆಲದ ಮೇಲೆ ಇರುತ್ತದೆ. ಅದರ ಮೇಲೆ ಬಗ್ಗಿ ಕೈ ಇಟ್ಟುಕೊಂಡಿರುವವನೇ ಸೆಂಟರ್. ಅವನು ಚೆಂಡನ್ನು ಕಾಲ ಸಂದಿಯಿಂದ ಹಿಂದಕ್ಕೆ ಕೊಟ್ಟ ಕ್ಷಣ ಆಟ ಶುರು. ಕೊಟ್ಟ ಮೇಲೆ ಅವನಿಗೆ ಚೆಂಡಿನ ಗೊಡವೆ ಇಲ್ಲ, ಎದುರಿಗಿರುವವನನ್ನು ತಳ್ಳಿ ದಾರಿ ಮಾಡಬೇಕು. ಕೈ ಚೆಂಡಿನ ಮೇಲೆ ಇರುವಾಗಲೇ ಎದುರಿನವನು ನುಗ್ಗಲು ಕಾಯುತ್ತಿರುತ್ತಾನೆ. ಅಂದರೆ ಏಟು ಬೀಳುವ ಹೊತ್ತಿಗೆ ಇವನ ಕೈ ಖಾಲಿ ಇರುವುದಿಲ್ಲ. ಟಿವಿಯವರು ಇವನನ್ನು ತೋರಿಸುವುದೇ ಇಲ್ಲ. ಮದುವೆ ಮನೆಯಲ್ಲಿ ಅಡುಗೆ ಭಟ್ಟರಿದ್ದ ಹಾಗೆ. ಊಟ ಕೆಟ್ಟರೆ ಮಾತ್ರ ಜನ ಅವರನ್ನು ಹುಡುಕುತ್ತಾರೆ.

ಅಂದಹಾಗೆ ಇಲ್ಲಿನವರು ಆಮ್‌ಹರ್ಸ್ಟ್ ಅನ್ನುವುದಿಲ್ಲ, ಹಕಾರ ನುಂಗಿ "ಆಮರ್ಸ್ಟ್" ಅನ್ನುತ್ತಾರೆ. ನಾನು ಮೊದಲ ಸಲ ಹಕಾರ ಒತ್ತಿ ಹೇಳಿ ನಗೆಪಾಟಲಾಗಿದ್ದೆ.

ರೈಡರ್_ನಂ7:
ಹಾಗಾದ್ರೆ ಲೂಯಿಸ್ ಆನೆ ಥರ ಇದ್ದಿರಬೇಕು.

ಹಳೇಸ್ಕೋರ್‌ಕಾರ್ಡ್:
ಅದೇ ಅಲ್ಲ ಅನ್ನುವುದು ಮಜಾ. ತೂಕ ಸುಮಾರು 175 ಪೌಂಡ್, ನಮ್ಮ ಲೆಕ್ಕದಲ್ಲಿ 79 ಕೆಜಿ. ಆ ಜಾಗಕ್ಕೆ ಅದು ಕಡಿಮೆಯೇ. ಚುರುಕುತನ, ಚೆಂಡನ್ನು ಕೊಡುವ ಹದ, ಎದುರಿನವನ ಕಾಲು ಎತ್ತ ತಿರುಗುತ್ತದೆ ಅಂತ ನೋಡುವ ಕಣ್ಣು, ಇವನ್ನು ನೆಚ್ಚಿಕೊಂಡ ಆಟಗಾರ.

ಆ ಕಾಲದ ಆಟ ಹೇಗಿತ್ತು ಅಂತ ಗೊತ್ತಾದರೆ ಇದರ ಬೆಲೆ ತಿಳಿಯುತ್ತದೆ. 45 ನಿಮಿಷದ ಎರಡು ಅವಧಿ. ಏಟಾಗಿ ಬಿದ್ದರೆ ಅಥವಾ ರೆಫರಿ ಹೊರಗೆ ಹಾಕಿದರೆ ಮಾತ್ರ ಬದಲಿ ಆಟಗಾರ. ತಲೆಗೆ ಹೆಲ್ಮೆಟ್ ಇಲ್ಲ, ಕೂದಲು ಉದ್ದ ಬೆಳೆಸಿಕೊಂಡರೆ ಅದೇ ರಕ್ಷಣೆ. ಚೆಂಡನ್ನು ಮುಂದಕ್ಕೆ ಎಸೆಯುವುದು ನಿಷಿದ್ಧ. ಮೂರು ಪ್ರಯತ್ನದಲ್ಲಿ 5 ಗಜ ಮುಂದೆ ಹೋಗಬೇಕು, ಇಲ್ಲದಿದ್ದರೆ ಚೆಂಡು ಎದುರಾಳಿಗೆ. ಮುಂದಕ್ಕೆ ಎಸೆಯುವ ಹಾಗಿಲ್ಲ, 5 ಗಜ ಹೋದರೆ ಸಾಕು ಅಂದಮೇಲೆ ಎಲ್ಲರೂ ಗುಂಪು ಕಟ್ಟಿಕೊಂಡು ನುಗ್ಗುವುದೇ ಆಟ ಆಯಿತು.

1892ರ ನವೆಂಬರ್ 19ರ ಹಾರ್ವರ್ಡ್-ಯೇಲ್ ಪಂದ್ಯ ನೋಡಿ. ಸ್ಪ್ರಿಂಗ್‌ಫೀಲ್ಡ್‌ನ ಹ್ಯಾಂಪ್ಡನ್ ಪಾರ್ಕ್. ಹಾರ್ವರ್ಡ್‌ಗೆ ಲೊರಿನ್ ಡೆಲ್ಯಾಂಡ್ ಎಂಬ ಒಬ್ಬ ಚೆಸ್ ಹುಚ್ಚಿನ ಮನುಷ್ಯ ಒಂದು ತಂತ್ರ ಹೇಳಿಕೊಟ್ಟಿದ್ದರು. ಅವರು ಜನ್ಮದಲ್ಲಿ ಫುಟ್‌ಬಾಲ್ ಆಡಿದವರಲ್ಲ! ನೆಪೋಲಿಯನ್‌ನ ಯುದ್ಧ ತಂತ್ರ ಓದಿ ಅದನ್ನು ಮೈದಾನಕ್ಕೆ ತಂದರು. ಎರಡನೇ ಅವಧಿಯ ಶುರು. ಹಾರ್ವರ್ಡ್‌ನವರು ಎರಡು ಗುಂಪಾಗಿ ದೂರ ಹಿಂದೆ ನಿಂತರು. ನಾಯಕ ಬರ್ನಿ ಟ್ರಾಫರ್ಡ್ ಚೆಂಡಿನ ಹತ್ತಿರ ಒಬ್ಬನೇ. ಸನ್ನೆ ಆದ ತಕ್ಷಣ ಎರಡೂ ಗುಂಪು ಓರೆಯಾಗಿ ಓಡಿಬಂದು, ಪೂರ್ತಿ ವೇಗದಲ್ಲಿ ಒಂದಾಗಿ, ನೇಗಿಲ ಕುಳದ ಹಾಗೆ ಯೇಲ್‌ನ ಒಬ್ಬ ಆಟಗಾರನ ಮೇಲೆ ಹೋಯಿತು. ಟ್ರಾಫರ್ಡ್ ಚೆಂಡನ್ನು ಕಾಲಲ್ಲಿ ಸುಮ್ನೆ ಮುಟ್ಟಿಸಿ ಎತ್ತಿಕೊಂಡು ಚಾರ್ಲಿ ಬ್ರೂವರ್ ಕೈಗೆ ಕೊಟ್ಟ. ಜನ ಎದ್ದು ನಿಂತರು. ಅದೇ ಫ್ಲೈಯಿಂಗ್ ವೆಜ್. ಅಷ್ಟೆಲ್ಲ ಮಾಡಿಯೂ ಪಂದ್ಯ ಗೆದ್ದದ್ದು ಯೇಲ್, 6-0. ಆಗ ಟಚ್‌ಡೌನ್‌ಗೆ, ಅಂದರೆ ಚೆಂಡನ್ನು ಎದುರಾಳಿಯ ಗೋಲ್ ಗೆರೆ ದಾಟಿಸಿದರೆ, 4 ಅಂಕ, ಅದಾದ ಮೇಲಿನ ಕಿಕ್‌ಗೆ 2.

ಹಾರ್ವರ್ಡ್‌ನ ಆ ಸಾಲಿನಲ್ಲಿ ಸೆಂಟರ್ ಆಗಿದ್ದವರು ಲೂಯಿಸ್. ಎರಡೇ ವರ್ಷದಲ್ಲಿ, 1894ರಲ್ಲಿ, ಈ ತಂತ್ರವನ್ನು ನಿಷೇಧಿಸಿದರು. ಕಾಲು ಕೈ ಮುರಿದದ್ದು ಅಷ್ಟಿತ್ತು.

ಕೋರ್ಟುಕಟ್ಟೆ:
ಸರ್, ಧಾರವಾಡದಿಂದ ಒಬ್ಬ ವಕೀಲ. ಆಟ ನನಗ ತಿಳಿಯೂದಿಲ್ಲ, ಆದರೆ ನೀವು ಹೇಳಿದ "ನಿಯಮ ತಿದ್ದಿಸುವ" ಮಾತಿಗೆ ಒಂದು ಪುರಾವೆ ನಾನೇ ಕೊಡುತ್ತೇನೆ.

1893. ಲೂಯಿಸ್ ಅವರು ಇನ್ನೂ ಲಾ ವಿದ್ಯಾರ್ಥಿ. ಕೇಂಬ್ರಿಡ್ಜ್‌ನಲ್ಲಿ ಒಂದು ಕ್ಷೌರದಂಗಡಿಗೆ ಹೋದರು. ಬಿಳಿಯ ಕ್ಷೌರಿಕ, ನಿಮ್ಮಂಥವರಿಗೆ ಇಲ್ಲಿ ಕ್ಷೌರ ಮಾಡುವುದಿಲ್ಲ ಅಂದ. ಶನಿವಾರ ಹಾರ್ವರ್ಡ್ ಪರವಾಗಿ ಆಡಿದರೆ ಚಪ್ಪಾಳೆ ಹೊಡೆಯುವ ಊರು ಅದು, ನೋಡ್ರಿ. ಇವರು ಜಗಳ ಆಡಿ ಮನೆಗೆ ಹೋಗಲಿಲ್ಲ. ಬಟ್ಲರ್ ವಿಲ್ಸನ್ ಎಂಬ ಬಾಸ್ಟನ್‌ನ ಕಪ್ಪು ವಕೀಲರನ್ನು ಜೊತೆ ಮಾಡಿಕೊಂಡು ರಾಜ್ಯದ ಶಾಸನಸಭೆಯ ಬಾಗಿಲು ತಟ್ಟಿದರು. ಸಾರ್ವಜನಿಕ ಜಾಗದಲ್ಲಿ ಬಣ್ಣ ನೋಡಿ ತಡೆಯಬಾರದು ಎಂಬ ಕಾನೂನು ಮ್ಯಾಸಚೂಸೆಟ್ಸ್‌ನಲ್ಲಿ ಆಗಲೇ ಇತ್ತು. ಅದರ ಹರವು ಸಾಲದಾಗಿತ್ತು. ಅದೇ ವರ್ಷ ತಿದ್ದುಪಡಿ ಆಯಿತು, ಕ್ಷೌರದಂಗಡಿಯಂಥ ಜಾಗಗಳೂ ಅದರೊಳಗೆ ಬಂದವು.

ಇನ್ನೂ ಸನ್ನದು ಸಿಗದ ಹುಡುಗ, ಕಾನೂನಿನ ಒಂದು ಸಾಲು ಬದಲಿಸಿದ. ನಾನು 30 ವರ್ಷ ಕರಿಕೋಟು ಹಾಕಿದ್ದೇನೆ. ಹೊಟ್ಟೆಕಿಚ್ಚು ಆಗುತ್ತದೆ.

ಟೀಚರಮ್ಮ:
ವಕೀಲರೇ, ಇದನ್ನು ಓದಿ ಕೈ ನಿಂತುಹೋಯಿತು. ನಾನು ಚಿಕ್ಕವಳಿದ್ದಾಗ ನಮ್ಮೂರಿನ ಕಟಿಂಗ್ ಶಾಪ್‌ನಲ್ಲಿ ನಮ್ಮ ಕೇರಿಯವರಿಗೆ ಕುರ್ಚಿ ಇರಲಿಲ್ಲ. ಅಣ್ಣ ಎಂಟು ಕಿಲೋಮೀಟರ್ ಸೈಕಲ್ ತುಳಿದು ಪೇಟೆಗೆ ಹೋಗುತ್ತಿದ್ದ. ಊರಿನ ಹೆಸರು ಬೇಡ. ಅಷ್ಟೇ ಹೇಳಬೇಕು ಅನ್ನಿಸಿತು. ಮುಂದುವರಿಸಿ.

ಹಳೇಸ್ಕೋರ್‌ಕಾರ್ಡ್:
ಟೀಚರ್, ಹೇಳಿದ್ದು ಒಳ್ಳೆಯದಾಯಿತು.

ಅದೇ 1893ರ ಕೊನೆಯ ಪಂದ್ಯಕ್ಕೆ ಹಾರ್ವರ್ಡ್ ನಾಯಕನಿಗೆ ಗಾಯ. ತಂಡದವರು ಲೂಯಿಸ್ ಅವರನ್ನು ಹಂಗಾಮಿ ನಾಯಕ ಮಾಡಿದರು. ಅಂಗಡಿಯವನು ಕುರ್ಚಿ ಕೊಡದ ವರ್ಷವೇ ತಂಡ ನಾಯಕತ್ವ ಕೊಟ್ಟಿತು.

ಆಟ ನಿಂತ ಮೇಲೆ ತರಬೇತಿ. 1895ರಿಂದ 1906ರವರೆಗೆ ಹಾರ್ವರ್ಡ್‌ನ ಮುಂದಿನ ಸಾಲಿನವರಿಗೆ ಕಲಿಸಿದವರು ಇವರೇ. ಹಗಲು ವಕೀಲಿಕೆ, ಸಂಜೆ ಮೈದಾನ. ಆ ವರ್ಷಗಳಲ್ಲಿ ಹಾರ್ವರ್ಡ್ 114 ಪಂದ್ಯ ಗೆದ್ದಿತು, 15 ಸೋತಿತು, 5 ಸಮ. 1896ರಲ್ಲಿ "ಎ ಪ್ರೈಮರ್ ಆಫ್ ಕಾಲೇಜ್ ಫುಟ್‌ಬಾಲ್" ಅಂತ ಪುಸ್ತಕ ಬರೆದರು. ಪ್ರೈಮರ್ ಅಂದರೆ ನಮ್ಮ ಬಾಲಬೋಧೆ ಇದ್ದ ಹಾಗೆ. ಈ ಆಟಕ್ಕೆ ಬಂದ ಮೊದಮೊದಲ ಪುಸ್ತಕಗಳಲ್ಲಿ ಅದೂ ಒಂದು. ಗುಲಾಮರಾಗಿದ್ದವರ ಮಗ, ಶ್ರೀಮಂತರ ಮಕ್ಕಳ ಆಟಕ್ಕೆ ಬಾಲಬೋಧೆ ಬರೆದ.

ರೈಡರ್_ನಂ7:
ಸರ್, ಎರಡನೇ ಉದಾಹರಣೆ ಎಲ್ಲಿ? ಆಟದ ನಿಯಮ ತಿದ್ದಿಸಿದ್ದು?

ಹಳೇಸ್ಕೋರ್‌ಕಾರ್ಡ್:
ಅದೇ ಬರುತ್ತಿದೆ ಮಾರಾಯ, ತಾಳು.

1905. ಆ ಒಂದೇ ಸೀಸನ್‌ನಲ್ಲಿ 18 ಹುಡುಗರು ಸತ್ತರು ಅಂತ ಷಿಕಾಗೊದ ಪತ್ರಿಕೆಯೊಂದು ಲೆಕ್ಕ ಕೊಟ್ಟಿತು. ಹೆಚ್ಚಿನವರು ದೊಡ್ಡ ಕಾಲೇಜಿನವರೂ ಅಲ್ಲ, ಶಾಲೆ ಹುಡುಗರು. ಅಧ್ಯಕ್ಷ ಥಿಯೊಡೋರ್ ರೂಸ್‌ವೆಲ್ಟ್ ಅಕ್ಟೋಬರ್‌ನಲ್ಲೇ ಹಾರ್ವರ್ಡ್, ಯೇಲ್, ಪ್ರಿನ್ಸ್‌ಟನ್‌ನವರನ್ನು ಶ್ವೇತಭವನಕ್ಕೆ ಕರೆಸಿ, ಆಟ ಸುಧಾರಿಸಿ ಅಂದಿದ್ದರು. ಮುಂದಿನ ತಿಂಗಳು ಅವರ ಮಗನೇ ಹಾರ್ವರ್ಡ್‌ನ ಮೊದಲ ವರ್ಷದವರ ತಂಡದಲ್ಲಿ ಆಡಿ ಮೂಗು ಮುರಿದುಕೊಂಡ.

ಆಗಿನ ದೊಡ್ಡ ತೊಂದರೆ ಚಾರ್ಲ್ಸ್_ದಂಡೆ ಅಕ್ಕ ಹೇಳಿದ ಆ ಸಾಲಿನಲ್ಲೇ ಇತ್ತು. ಎರಡೂ ತಂಡಗಳ ನಡುವೆ ಚೆಂಡಿನ ಮೇಲೆ ಹಾದುಹೋಗುವ ಒಂದು ಕಾಲ್ಪನಿಕ ಗೆರೆ ಮಾತ್ರ. ಅಂದರೆ ಹಣೆಗೆ ಹಣೆ ಹಚ್ಚಿಕೊಂಡು ನಿಲ್ಲುತ್ತಿದ್ದರು. ಚೆಂಡು ಅಲುಗುವ ಮೊದಲೇ ಗುದ್ದು, ಉಗುರು, ಕಣ್ಣಿಗೆ ಬೆರಳು. ರೆಫರಿಗೆ ಏನೂ ಕಾಣುತ್ತಿರಲಿಲ್ಲ. 1906ರ ನಿಯಮದಲ್ಲಿ ಇದಕ್ಕೊಂದು ಉಪಾಯ ಬಂತು. ಚೆಂಡಿನ ಉದ್ದ ಎಷ್ಟಿದೆಯೋ ಅಷ್ಟು ಜಾಗ ಎರಡು ಸಾಲಿನ ನಡುವೆ ಖಾಲಿ ಇರಬೇಕು. ಒಂದು ಗೇಣು ಚಿಲ್ಲರೆ, ಅಷ್ಟೇ. ಇದಕ್ಕೆ ನ್ಯೂಟ್ರಲ್ ಜೋನ್ ಅಂತ ಹೆಸರು. ಈ ಯೋಚನೆಯ ಹಿಂದೆ ಲೂಯಿಸ್ ಇದ್ದರು ಅಂತ ಫುಟ್‌ಬಾಲ್ ಇತಿಹಾಸ ಬರೆದವರು ಹೇಳುತ್ತಾರೆ. ನನಗೆ ಅದು ಸಹಜ ಅನ್ನಿಸುತ್ತದೆ. ಆ ಜಾಗದಲ್ಲಿ ಮೂಗು ಇಟ್ಟು ಐದು ವರ್ಷ ಕಳೆದವರಿಗೆ ಅಲ್ಲಿ ಏನು ಬೇಕು ಅಂತ ಗೊತ್ತಿರದೆ ಇನ್ಯಾರಿಗೆ ಗೊತ್ತಿರುತ್ತದೆ?

ಮುಂದಕ್ಕೆ ಎಸೆಯುವ ಪಾಸ್, ಮೂರು ಪ್ರಯತ್ನಕ್ಕೆ 10 ಗಜ, ಇವೂ ಅದೇ ವರ್ಷ ಬಂದವು. ಎಲ್ಲರೂ ಪಾಸ್ ಬಗ್ಗೆ ಮಾತಾಡುತ್ತಾರೆ. ಗೇಣುದ್ದದ ಖಾಲಿ ಜಾಗದ ಬಗ್ಗೆ ಯಾರೂ ಮಾತಾಡುವುದಿಲ್ಲ.

ಚಾರ್ಲ್ಸ್_ದಂಡೆ:
ಪಾಸ್‌ಗೂ ನಮ್ಮೂರಿಗೂ ನಂಟು ಇದೆ. ಮೈದಾನ ಅಗಲ ಮಾಡೋಣ, ಆಟ ಹರಡಿಕೊಳ್ಳುತ್ತದೆ ಅಂತ ಒಂದು ಸಲಹೆ ಇತ್ತಂತೆ. ಆದರೆ ಹಾರ್ವರ್ಡ್‌ನವರು 1903ರಲ್ಲಷ್ಟೇ ಕಾಂಕ್ರೀಟ್ ಸ್ಟೇಡಿಯಂ ಕಟ್ಟಿ ಮುಗಿಸಿದ್ದರು, ಕುದುರೆ ಲಾಳದ ಆಕಾರದ್ದು. ಕಾಂಕ್ರೀಟನ್ನು ಆಚೆ ಸರಿಸೋಕೆ ಆಗುತ್ತಾ? ಹಾಗಾಗಿ ಪಾಸ್‌ಗೆ ಒಪ್ಪಿಕೊಂಡರು ಅನ್ನುತ್ತಾರೆ. ಆ ಮೆಟ್ಟಿಲ ಮೇಲೆ ಕೂತು ನೋಡಿದ್ದೀನಿ. ನವೆಂಬರ್ ಚಳಿಯಲ್ಲಿ ಕೂತರೆ ಕಲ್ಲು ಬೆನ್ನಿಗೆ ಹತ್ತುತ್ತೆ, ದಿಂಬು ತಗೊಂಡು ಹೋಗಬೇಕು.

ನೇರಮಾತು:
ಎಲ್ಲರೂ ಹಾಡಿ ಹೊಗಳುತ್ತಿದ್ದೀರಿ, ನಾನೊಂದು ಅಪಸ್ವರ ತೆಗೆಯುತ್ತೇನೆ. 1903ರಲ್ಲಿ ರೂಸ್‌ವೆಲ್ಟ್ ಲೂಯಿಸ್‌ಗೆ ಬಾಸ್ಟನ್‌ನಲ್ಲಿ ಅಸಿಸ್ಟೆಂಟ್ ಯು.ಎಸ್. ಅಟಾರ್ನಿ, ಅಂದರೆ ಕೇಂದ್ರ ಸರ್ಕಾರದ ಸಹಾಯಕ ವಕೀಲರ ಹುದ್ದೆ ಕೊಟ್ಟರು. ಕಪ್ಪು ಜನಾಂಗದವರಲ್ಲಿ ಆ ಹುದ್ದೆಗೆ ಇವರೇ ಮೊದಲು, ಸರಿ. ಆದರೆ ಆ ಕಾಲದಲ್ಲಿ ಇಂಥ ಹುದ್ದೆಗೆ ಬುಕರ್ ಟಿ. ವಾಷಿಂಗ್ಟನ್ ಅವರ ಶಿಫಾರಸು ಬೇಕಿತ್ತು. ಅವರು ಆಗಿನ ಪ್ರಭಾವಿ ಕಪ್ಪು ನಾಯಕ, ಹಕ್ಕಿಗಾಗಿ ಜಗಳಕ್ಕಿಂತ ಹೊಂದಿಕೊಂಡು ಹೋಗೋಣ ಅನ್ನುತ್ತಿದ್ದವರು. ಮೊದಲು ವಾಷಿಂಗ್ಟನ್ ಅವರನ್ನು ಟೀಕಿಸುತ್ತಿದ್ದವರ ಸಾಲಲ್ಲಿ ಇದೇ ಲೂಯಿಸ್ ಇದ್ದರು. ಆಮೇಲೆ ಬಣ ಬದಲಾಯಿಸಿದರು.

1903ರ ಜುಲೈ 30. ಬಾಸ್ಟನ್‌ನ ಒಂದು ಚರ್ಚ್‌ನಲ್ಲಿ ವಾಷಿಂಗ್ಟನ್ ಭಾಷಣ. ಸಭೆ ನಡೆಸುತ್ತಿದ್ದವರು ಲೂಯಿಸ್. ಪ್ರಶ್ನೆ ಕೇಳಲು ಎದ್ದವರು ವಾಷಿಂಗ್ಟನ್ ಅವರ ಕಟು ಟೀಕಾಕಾರ, ಬಾಸ್ಟನ್‌ನ "ಗಾರ್ಡಿಯನ್" ಪತ್ರಿಕೆಯ ವಿಲಿಯಂ ಮನ್ರೋ ಟ್ರಾಟರ್, ಅವರೂ ಹಾರ್ವರ್ಡ್‌ನವರೇ. ಗಲಾಟೆ ಆಯಿತು, ಪೊಲೀಸರು ಬಂದರು, ಟ್ರಾಟರ್ 30 ದಿನ ಜೈಲಿಗೆ ಹೋದರು. ನಿಯಮ ತಿದ್ದಿಸುವ ಧೀರ ಆ ದಿನ ಯಾವ ಕಡೆ ಕೂತಿದ್ದರು?

ಕೋರ್ಟುಕಟ್ಟೆ:
ನಿಮ್ಮ ಪ್ರಶ್ನೆ ನ್ಯಾಯವಾದದ್ದು. ಕುರ್ಚಿ ಬೇಕಾದಾಗ ಮನುಷ್ಯ ಮಾತು ಮೆತ್ತಗೆ ಮಾಡುತ್ತಾನೆ, ಬಾರ್ ಅಸೋಸಿಯೇಷನ್ ಚುನಾವಣೆಯಲ್ಲಿ ನಾನು ದಿನಾ ನೋಡುತ್ತೇನೆ. ಆದರೆ ಕುರ್ಚಿ ಸಿಕ್ಕ ಮೇಲೆ ಏನು ಮಾಡಿದರು ಅನ್ನುವುದನ್ನೂ ನೋಡಬೇಕಲ್ಲ.

1911ರ ಜೂನ್‌ನಲ್ಲಿ ಅಧ್ಯಕ್ಷ ಟ್ಯಾಫ್ಟ್ ಅವರ ನೇಮಕಕ್ಕೆ ಸೆನೆಟ್ ಒಪ್ಪಿ, ಇವರು ಇಡೀ ದೇಶದ ಅಸಿಸ್ಟೆಂಟ್ ಅಟಾರ್ನಿ ಜನರಲ್ ಆದರು. ಕೇಂದ್ರ ಸರ್ಕಾರದಲ್ಲಿ ಅಲ್ಲಿಯವರೆಗೆ ಕಪ್ಪು ಜನಾಂಗದ ಯಾರಿಗೂ ಅಷ್ಟು ದೊಡ್ಡ ಹುದ್ದೆ ಸಿಕ್ಕಿರಲಿಲ್ಲ. ಅದೇ ವರ್ಷ ಅಮೆರಿಕನ್ ಬಾರ್ ಅಸೋಸಿಯೇಷನ್ ಇವರನ್ನು ಸದಸ್ಯರನ್ನಾಗಿ ತಗೊಂಡಿತು. ಬಣ್ಣ ತಿಳಿದ ಮೇಲೆ 1912ರಲ್ಲಿ ಕಾರ್ಯಕಾರಿ ಸಮಿತಿ ಸದಸ್ಯತ್ವ ರದ್ದು ಅಂತ ಗೊತ್ತುವಳಿ ಮಾಡಿತು. ರಾಜೀನಾಮೆ ಕೊಟ್ಟು ಗೌರವ ಉಳಿಸಿಕೊಳ್ಳಿ ಅಂತ ಹೇಳುವವರು ಇದ್ದೇ ಇರುತ್ತಾರೆ. ಇವರು ಕೊಡಲಿಲ್ಲ. ಅಟಾರ್ನಿ ಜನರಲ್ ವಿಕರ್‌ಶಾಮ್ ತಮ್ಮ ಸಹೋದ್ಯೋಗಿಯ ಪರ ನಿಂತು ಸುಮಾರು 4,700 ಸದಸ್ಯರಿಗೂ ಪತ್ರ ಕಳಿಸಿದರು. ಕೊನೆಗೆ ಆಗಸ್ಟ್ ಸಭೆಯಲ್ಲಿ ರಾಜಿ: ಈಗ ಇರುವವರು ಇರಲಿ, ಇನ್ನು ಮುಂದೆ ಅರ್ಜಿ ಹಾಕುವವರು ತಮ್ಮ ಜನಾಂಗ ಬರೆಯಬೇಕು. ಅಂದರೆ ಬಾಗಿಲೊಳಗೆ ಬಂದವರನ್ನು ಬಿಟ್ಟು ಬಾಗಿಲು ಹಾಕಿಕೊಂಡರು.

ಅದಕ್ಕೇ ಹೇಳುವುದು, ಎಲ್ಲ ಸಲ ನಿಯಮ ಇವರ ಕಡೆಗೇ ತಿದ್ದುಪಡಿ ಆಗಲಿಲ್ಲ.

ನೇರಮಾತು:
ಇನ್ನೊಂದು ಸೇರಿಸಿ. ಆ ಹುದ್ದೆಯಲ್ಲಿ ಅವರ ಕೆಲಸ ಏನು ಗೊತ್ತಾ? ಮೂಲನಿವಾಸಿಗಳು ತಮ್ಮ ಭೂಮಿಗಾಗಿ ಹಾಕಿದ ದಾವೆಗಳಲ್ಲಿ ಸರ್ಕಾರದ ಪರ ನಿಲ್ಲುವುದು.

ಕೋರ್ಟುಕಟ್ಟೆ:
ಗೊತ್ತು. ವಕೀಲನಿಗೆ ಕಕ್ಷಿದಾರ ಸರ್ಕಾರ ಆದರೆ ಸರ್ಕಾರದ ಪರವೇ ವಾದ. ಸಮಾಧಾನ ಅಂತ ಹೇಳುತ್ತಿಲ್ಲ.

ಸುಮ್ನೆ_ಓದುಗ:
ಮೊದಲು ಫುಟ್‌ಬಾಲ್ ಅಂದುಕೊಂಡು ಬಂದೆ. ಈಗ ಟೀ ಆರಿಹೋಗಿದೆ.

ಟೀಚರಮ್ಮ:
ನೇರಮಾತು ಅವರೇ, ನೀವು ಹೇಳಿದ ಟ್ರಾಟರ್ ಜೊತೆಗೇ ಲೂಯಿಸ್ ಮತ್ತೆ ಒಂದಾದ ಸಂದರ್ಭವೂ ಇದೆಯಲ್ಲ. 1915ರಲ್ಲಿ "ದಿ ಬರ್ತ್ ಆಫ್ ಎ ನೇಷನ್" ಸಿನಿಮಾ ಬಾಸ್ಟನ್‌ಗೆ ಬಂದಾಗ, ಕಪ್ಪು ಜನರನ್ನು ಹೀನಾಯವಾಗಿ ತೋರಿಸಿದ್ದಾರೆ ಅಂತ ವಿರೋಧಿಸಿದವರಲ್ಲಿ ಇಬ್ಬರೂ ಇದ್ದರು. ಮನುಷ್ಯರು ಒಂದೇ ಬಣದಲ್ಲಿ ಹುಟ್ಟಿ ಅಲ್ಲೇ ಸಾಯುವುದಿಲ್ಲ. ನಮ್ಮ ಸ್ಟಾಫ್ ರೂಮಲ್ಲೇ ನೋಡಿ ಬೇಕಾದರೆ.

ನೇರಮಾತು:
ಅದು ಒಪ್ಪಿದೆ ಟೀಚರ್. 12 ವರ್ಷ ಹಿಡಿಯಿತು ಅಷ್ಟೇ.

ಹಳೇಸ್ಕೋರ್‌ಕಾರ್ಡ್:
ಉಳಿದದ್ದು ಬೇಗ ಹೇಳಿಬಿಡುತ್ತೇನೆ. 1913ರಲ್ಲಿ ವುಡ್ರೋ ವಿಲ್ಸನ್ ಅಧ್ಯಕ್ಷರಾದ ಮೇಲೆ ಹುದ್ದೆ ಹೋಯಿತು. ಬಾಸ್ಟನ್‌ಗೆ ವಾಪಸ್, ಸ್ವಂತ ವಕೀಲಿಕೆ. ಮದ್ಯ ನಿಷೇಧದ ವರ್ಷಗಳಲ್ಲಿ ಕಳ್ಳಭಟ್ಟಿ ಕೇಸುಗಳೂ ಬಂದವು. 1941ರಲ್ಲಿ, 70 ದಾಟಿದ ಮೇಲೂ, ಮ್ಯಾಸಚೂಸೆಟ್ಸ್ ಗವರ್ನರ್ ಕೌನ್ಸಿಲ್ (ಗವರ್ನರ್‌ಗೆ ಸಲಹೆ ಕೊಡುವ ಮಂಡಳಿ) ಸದಸ್ಯ ಡೇನಿಯಲ್ ಕೋಕ್ಲಿ ಮೇಲಿನ ಮಹಾಭಿಯೋಗದಲ್ಲಿ ಅವರ ಪರ ವಾದಿಸಿದರು. ತೀರಿಕೊಂಡದ್ದು 1949ರ ಜನವರಿ 1ರಂದು, 80ನೇ ವಯಸ್ಸಿನಲ್ಲಿ. ಕಾಲೇಜ್ ಫುಟ್‌ಬಾಲ್ ಹಾಲ್ ಆಫ್ ಫೇಮ್‌ಗೆ ಸೇರಿಸಿದ್ದು 2009ರಲ್ಲಿ. ಸತ್ತು 60 ವರ್ಷ ಆದ ಮೇಲೆ!

ನೇರಮಾತು ಅವರಿಗೆ ಒಂದು ಮಾತು. ನಾನು ಧೀರ ಅಂದಿರಲಿಲ್ಲ, ನಿಯಮ ಓದುವವರು ಅಂದಿದ್ದೆ. ನಿಯಮ ಓದುವವರು ಕೆಲವು ಸಲ ಕುರ್ಚಿಯ ಲೆಕ್ಕವನ್ನೂ ಓದುತ್ತಾರೆ. ನಿಮ್ಮ ತಕರಾರು ಉಳಿಯಲಿ. ಆದರೆ ಹಾಲ್ ಆಫ್ ಫೇಮ್‌ನವರು ಅರ್ಧ ಶತಮಾನಕ್ಕಿಂತ ಜಾಸ್ತಿ ಏನು ಓದುತ್ತಿದ್ದರು ಅನ್ನುವುದೂ ನನ್ನ ತಕರಾರು.

ರೈಡರ್_ನಂ7:
ಸರ್, ಆ ಗೇಣುದ್ದದ ಜಾಗ ಈಗಲೂ ಇದೆಯಾ?

ಚಾರ್ಲ್ಸ್_ದಂಡೆ:
ಇದೆ ತಮ್ಮ. ಈ ಶನಿವಾರ ಮಗನ ಜೊತೆ ಪಂದ್ಯಕ್ಕೆ ಹೋಗಿದ್ದೆ. ಈ ಮಾತೆಲ್ಲ ತಲೆಯಲ್ಲಿತ್ತಲ್ಲ, ಚೆಂಡು ಹಿಡಿದು ಓಡುವವನನ್ನು ಬಿಟ್ಟು ಸೆಂಟರ್‌ನನ್ನೇ ನೋಡುತ್ತಾ ಕೂತೆ. ಎರಡು ಸಾಲೂ ಬಗ್ಗಿದವು. ನಡುವೆ ಕಂದು ಚೆಂಡು, ಅದರ ಮೇಲೆ ಒಂದು ಕೈ. ಎದುರಿನ ದಢೂತಿ ಹುಡುಗನ ಬೆರಳು ಹುಲ್ಲಿನ ಮೇಲೆ ತುದಿಗಾಲಲ್ಲಿ ನಿಂತ ಹಾಗೆ ನಡುಗುತ್ತಿತ್ತು. ಚೆಂಡು ಅಲುಗುವ ಮೊದಲೇ ಅವನು ಆಚೆ ನುಗ್ಗಿಬಿಟ್ಟ. ತಪ್ಪಾಯಿತು ಅಂತ ರೆಫರಿಯ ಹಳದಿ ಬಟ್ಟೆ ಮೈದಾನಕ್ಕೆ ಬಿತ್ತು. ಆಫ್‌ಸೈಡ್, 5 ಗಜ ದಂಡ.

ನನ್ನ ಮಗ "ಅಮ್ಮಾ, ನೀನ್ಯಾಕೆ ಚಪ್ಪಾಳೆ ಹೊಡೀತಿದೀಯಾ, ಅದು ನಮ್ಮ ಟೀಮ್" ಅಂದ.